ಐದು ಕೊರಳು, ಒಂದು ಹಾಡು, ಮತ್ಯಾರದೋ ಸಹಿ

ಮೊದಲು ಕೇಳಿಸುವುದು ಶರ್ಮನ್ ಗಾರ್ನ್ಸ್‌ನ ಮಂದ್ರ ದನಿಯೊಂದೇ. ವಾದ್ಯವಿಲ್ಲ, ಅರ್ಥವಿರುವ ಪದವೂ ಇಲ್ಲ. ಬರಿಯ ಅಕ್ಷರಗಳನ್ನು ಉರುಳಿಸುತ್ತ ಆ ದನಿ ಇಡೀ ಹಾಡಿಗೆ ನಡೆ ಹಾಕಿಕೊಡುತ್ತದೆ. ಬೆನ್ನಿಗೇ ಉಳಿದ ಕೊರಳುಗಳು ಸೇರುತ್ತವೆ, ಎಲ್ಲದರ ಮೇಲೆ 13 ವರ್ಷದ ಫ್ರಾಂಕಿ ಲೈಮನ್‌ನ ದನಿ ತಾರಕಕ್ಕೇರುತ್ತದೆ. ನಡುವೆ ಜಿಮ್ಮಿ ರೈಟ್‌ನ ಸ್ಯಾಕ್ಸೊಫೋನ್ ನುಗ್ಗಿ ಬಂದು ಹೋಗುತ್ತದೆ. ಎರಡೂವರೆ ನಿಮಿಷದೊಳಗೆ ಎಲ್ಲವೂ ಮುಗಿಯುತ್ತದೆ. ‘ವೈ ಡು ಫೂಲ್ಸ್ ಫಾಲ್ ಇನ್ ಲವ್’ ಎಂಬ ಈ ಹಾಡು 1956ರ ಜನವರಿಯಲ್ಲಿ ಹೊರಬಂತು. ಇದು ಯಾರ ಹಾಡು ಎಂಬ ವ್ಯಾಜ್ಯ ಮುಗಿಯಲು ನಾಲ್ಕು ದಶಕ ಹಿಡಿಯಿತು. ಮುಗಿದ ರೀತಿಯಲ್ಲಿ ನ್ಯಾಯವಿತ್ತು ಎಂದು ನನಗಂತೂ ಅನ್ನಿಸುವುದಿಲ್ಲ.

ಈ ಹಾಡಿನ ಶೈಲಿಯಾದ ಡೂ-ವಾಪ್ ಹುಟ್ಟಿದ್ದು ನ್ಯೂಯಾರ್ಕ್, ಫಿಲಡೆಲ್ಫಿಯಾ, ಷಿಕಾಗೊದಂಥ ನಗರಗಳ ಬಡ ಕೇರಿಗಳಲ್ಲಿ. ವಾದ್ಯ ಕೊಳ್ಳಲು ಕೈಯಲ್ಲಿ ಕಾಸಿಲ್ಲದ ಹುಡುಗರು ಕೊರಳನ್ನೇ ವಾದ್ಯ ಮಾಡಿಕೊಂಡರು. ಮಂದ್ರದವನು ಬೇಸ್ ವಾದ್ಯದ ಕೆಲಸ ಮಾಡಬೇಕು, ನಡುವಿನ ಇಬ್ಬರು ಮೂವರು ಹಿಂದಿನ ಸ್ವರಗಳನ್ನು ತುಂಬಬೇಕು, ಮುಖ್ಯ ಗಾಯಕ ಇವೆಲ್ಲದರ ಮೇಲೆ ತೇಲಬೇಕು. ಅಭ್ಯಾಸಕ್ಕೆ ಬೀದಿ ಮೂಲೆ ಇತ್ತು, ಶಾಲೆಯ ಮೆಟ್ಟಿಲುಗಳಿದ್ದವು, ವಠಾರದ ಓಣಿಗಳಿದ್ದವು. ಬರಿಗೋಡೆಗಳು ದನಿಯನ್ನು ಮರಳಿಸುವುದರಿಂದ ನಾಲ್ಕು ಕೊರಳು ಎಂಟಾಗಿ ಕೇಳುತ್ತಿದ್ದವು. ಹಾಡು ಕಟ್ಟುವುದೂ ಅಲ್ಲೇ, ನಿಂತಲ್ಲೇ. ಒಬ್ಬ ಸಾಲು ಎತ್ತಿದರೆ ಇನ್ನೊಬ್ಬ ತಿದ್ದುತ್ತಿದ್ದ, ಮತ್ತೊಬ್ಬ ಅದಕ್ಕೆ ತಿರುವು ಕೊಡುತ್ತಿದ್ದ. ಬರೆದಿಡುವ ರೂಢಿಯೇ ಇರಲಿಲ್ಲ.

ಮ್ಯಾನ್‌ಹಟನ್‌ನ ಎಡ್ವರ್ಡ್ ಡಬ್ಲ್ಯೂ. ಸ್ಟಿಟ್ ಜೂನಿಯರ್ ಹೈಸ್ಕೂಲಿನಲ್ಲಿ ಗಾರ್ನ್ಸ್ ಮತ್ತು ಜಿಮ್ಮಿ ಮರ್ಚೆಂಟ್ ಜೊತೆಯಾದರು. ಇಬ್ಬರೂ ಕಪ್ಪು ಹುಡುಗರು. ಆಮೇಲೆ ಪೋರ್ಟೊರಿಕೊ ಮೂಲದ ಹರ್ಮನ್ ಸ್ಯಾಂಟಿಯಾಗೊ, ಜೋ ನೆಗ್ರೋನಿ ಬಂದು ಸೇರಿದರು. ಮುಖ್ಯ ಗಾಯಕ ಸ್ಯಾಂಟಿಯಾಗೊ. ದಿನಸಿ ಅಂಗಡಿಯಲ್ಲಿ ಕೆಲಸ ಮಾಡುತ್ತಿದ್ದ ಲೈಮನ್ ಕೊನೆಗೆ ಸೇರಿದವನು, ಎಲ್ಲರಿಗಿಂತ ಕಿರಿಯ. ನೆರೆಮನೆಯವನೊಬ್ಬ ತನ್ನ ಗೆಳತಿ ಬರೆದಿದ್ದ ಪ್ರೇಮಪತ್ರಗಳನ್ನು ಈ ಹುಡುಗರ ಕೈಗೆ ಕೊಟ್ಟನಂತೆ, ಹಾಡಾಗಬಹುದೇನೋ ನೋಡಿ ಎಂದು. ಆ ಪತ್ರಗಳ ಒಂದು ಸಾಲಿನಿಂದ ಹಾಡು ಬೆಳೆಯಿತು. ಬೆಳೆಸಿದವರು ತಾವಿಬ್ಬರು ಎಂಬುದು ಸ್ಯಾಂಟಿಯಾಗೊ ಮತ್ತು ಮರ್ಚೆಂಟ್ ಕೊನೆಯವರೆಗೂ ಹೇಳಿಕೊಂಡು ಬಂದ ಮಾತು.

ವ್ಯಾಲೆಂಟೈನ್ಸ್ ತಂಡದ ಗಾಯಕ ರಿಚರ್ಡ್ ಬ್ಯಾರೆಟ್ ಇವರ ಹಾಡು ಕೇಳಿ ಜಾರ್ಜ್ ಗೋಲ್ಡ್‌ನರ್ ಎಂಬ ನಿರ್ಮಾಪಕನ ಬಳಿಗೆ ಕರೆದೊಯ್ದ. ಗೋಲ್ಡ್‌ನರ್ ಮ್ಯಾಂಬೊ ಸಂಗೀತದಿಂದ ಈ ಕಡೆ ಬಂದವನು, ಹದಿಹರೆಯದವರಿಗೆ ಏನು ಹಿಡಿಸುತ್ತದೆ ಎಂದು ಚೆನ್ನಾಗಿ ಬಲ್ಲವನು. ಮುಖ್ಯ ಭಾಗ ಲೈಮನ್‌ನ ಪಾಲಾಯಿತು. ಸ್ಯಾಂಟಿಯಾಗೊಗೆ ಇದು ಸಣ್ಣ ನಷ್ಟವಲ್ಲ. ಆದರೆ ಧ್ವನಿಮುದ್ರಿಕೆ ಕೇಳಿದ ಯಾರೂ ಆ ಆಯ್ಕೆ ತಪ್ಪೆನ್ನಲಾರರು. ತರಬೇತಿಯಿಂದ ಬರುವ ಗಾಯನ ಅದಲ್ಲ. ಹುಡುಗನ ಕೊರಳಿನಲ್ಲಿ ದೊಡ್ಡವರ ಹಟವೂ ಗಾಯವೂ ಇವೆ.

ಹಾಡು ಅಮೆರಿಕದ ರಿದಮ್ ಅಂಡ್ ಬ್ಲೂಸ್ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೂ ಪಾಪ್ ಪಟ್ಟಿಯಲ್ಲಿ 6ನೇ ಸ್ಥಾನಕ್ಕೂ ಏರಿತು. ಬ್ರಿಟನ್ನಿನಲ್ಲೂ ಮೊದಲ ಸ್ಥಾನ. ‘ದಿ ಟೀನೇಜರ್ಸ್’ ಎಂಬ ಹೆಸರಿನ ಹುಡುಗರು 1957ರಲ್ಲಿ ಲಂಡನ್ನಿನ ಪಲ್ಲೇಡಿಯಂನಲ್ಲಿ ಹಾಡಿದರು. ಅಷ್ಟರಲ್ಲಿ ತಂಡದ ಹೆಸರಿನ ಮುಂದೆ ಲೈಮನ್‌ನ ಹೆಸರು ಬಂದಿತ್ತು. ಅವನನ್ನು ಒಂಟಿ ಗಾಯಕನಾಗಿ ಮೆರೆಸುವ ಆಸೆ ಕಂಪನಿಗೆ. ಆ ವರ್ಷವೇ ತಂಡ ಒಡೆಯಿತು. ಅದೇ ಬೇಸಿಗೆಯಲ್ಲಿ ಆಲನ್ ಫ್ರೀಡ್‌ನ ಟಿ.ವಿ. ಕಾರ್ಯಕ್ರಮದಲ್ಲಿ ಕಪ್ಪು ಹುಡುಗ ಲೈಮನ್ ಬಿಳಿಯ ಹುಡುಗಿಯೊಬ್ಬಳ ಜೊತೆ ಹೆಜ್ಜೆ ಹಾಕಿದ. ದಕ್ಷಿಣದ ರಾಜ್ಯಗಳಲ್ಲಿ ಗದ್ದಲ ಎದ್ದಿತು, ಕಾರ್ಯಕ್ರಮವೇ ನಿಂತುಹೋಯಿತು. ಹದಿಹರೆಯದ ಹುಡುಗನ ಎರಡು ಹೆಜ್ಜೆ ಕುಣಿತ ಸಹಿಸದ ದೇಶದಲ್ಲಿ ಈ ಹುಡುಗರು ಹಾಡುತ್ತಿದ್ದರು ಎಂಬುದು ನೆನಪಿರಬೇಕು.

ಆಮೇಲಿನದು ಬರೀ ಇಳಿಜಾರು. ಲೈಮನ್‌ನ ದನಿ ಒಡೆಯಿತು, ಹೆರಾಯಿನ್ ಅಂಟಿಕೊಂಡಿತು. 1968ರ ಫೆಬ್ರುವರಿ 27ರಂದು ಹಾರ್ಲೆಮ್‌ನಲ್ಲಿ, ಅಜ್ಜಿಯ ಮನೆಯ ಬಚ್ಚಲಲ್ಲಿ ಅವನ ಹೆಣ ಸಿಕ್ಕಿತು. ಆಗ ಅವನಿಗೆ 25 ವರ್ಷ. ಗಾರ್ನ್ಸ್ 1977ರಲ್ಲಿ, ನೆಗ್ರೋನಿ ಮರುವರ್ಷ ತೀರಿಕೊಂಡರು.

ಆದರೆ ಆ ದನಿ ಸಾಯಲಿಲ್ಲ. ರಾನೆಟ್ಸ್ ತಂಡದ ರಾನಿ ಸ್ಪೆಕ್ಟರ್ ಹುಡುಗಿಯಾಗಿದ್ದಾಗ ಲೈಮನ್‌ನನ್ನು ಕೇಳಿ ಕೇಳಿಯೇ ಹಾಡಲು ಕಲಿತವಳು. ಹಿಂದೆ ದೊಡ್ಡ ಹುಡುಗರು, ಮುಂದೆ ಪುಟ್ಟ ಗಾಯಕ ಎಂಬ ಏರ್ಪಾಡು ಕಂಡರೆ ಜಾಕ್ಸನ್ ಫೈವ್ ನೆನಪಾಗುವುದು ಸಹಜ. ಬೀಚ್ ಬಾಯ್ಸ್ 1964ರಲ್ಲೇ ಈ ಹಾಡನ್ನು ಮತ್ತೆ ಹಾಡಿದ್ದರು.

ಇನ್ನು ಕಾಗದದ ಕತೆ. ಮೊದಮೊದಲ ತಟ್ಟೆಗಳ ಮೇಲೆ ಸ್ಯಾಂಟಿಯಾಗೊ ಹೆಸರೂ ಇತ್ತು. ಬರಬರುತ್ತ ಲೈಮನ್ ಮತ್ತು ಗೋಲ್ಡ್‌ನರ್ ಮಾತ್ರ ಉಳಿದರು. ಜೂಜಿನ ಚಟದ ಗೋಲ್ಡ್‌ನರ್ ತನ್ನ ಕಂಪನಿಗಳನ್ನು ಸಂಗೀತ ಉದ್ಯಮಿ ಮೋರಿಸ್ ಲೆವಿಗೆ ಮಾರಿಕೊಂಡ. ಹಾಡಿನ ಮೇಲೆ ಗೋಲ್ಡ್‌ನರ್ ಹೆಸರಿದ್ದ ಜಾಗಕ್ಕೆ ಲೆವಿಯ ಹೆಸರು ಬಂದು ಕೂತಿತು. ಆ ಸಂಗೀತಕ್ಕೆ ಒಂದು ಸ್ವರವನ್ನೂ ಸೇರಿಸದ ಮನುಷ್ಯ ಹೀಗೆ ಅದರ ಕರ್ತೃವಾದ. ಮುಂದೆ 1988ರಲ್ಲಿ ಸುಲಿಗೆ ಸಂಚಿನ ಪ್ರಕರಣದಲ್ಲಿ ತಪ್ಪಿತಸ್ಥನೆನಿಸಿಕೊಂಡವನೂ ಇವನೇ. ಬೀದಿ ಮೂಲೆಯ ಹಾಡಿಗೆ ಕರಡು ಪ್ರತಿ ಇರುವುದಿಲ್ಲ, ತಾರೀಖು ಇರುವುದಿಲ್ಲ. ನಾವು ಕಟ್ಟಿದ್ದು ಎನ್ನಲು ಹುಡುಗರ ಹತ್ತಿರ ತಮ್ಮ ನೆನಪು ಬಿಟ್ಟರೆ ಏನಿತ್ತು?

1981ರಲ್ಲಿ ಡಯಾನಾ ರಾಸ್ ಇದೇ ಹಾಡನ್ನು ಹಾಡಿ ಪಟ್ಟಿಯ ಮೊದಲ ಹತ್ತರೊಳಗೆ ತಂದಳು. ಹಣ ಹರಿಯತೊಡಗಿತು, ವಾರಸುದಾರರೂ ಎದ್ದು ಬಂದರು. ಲೈಮನ್‌ನ ಹೆಂಡತಿ ತಾನೇ ಎಂದು ಮೂವರು ಕೋರ್ಟಿನಲ್ಲಿ ನಿಂತರು. ಅವರಲ್ಲಿ ಒಬ್ಬಳು ಪ್ಲ್ಯಾಟರ್ಸ್ ತಂಡದ ಗಾಯಕಿ ಜೋಲಾ ಟೇಲರ್. ಕೊನೆಗೆ ಗೆದ್ದವಳು ಅವನು 1967ರಲ್ಲಿ ಮದುವೆಯಾಗಿದ್ದ ಶಾಲಾ ಶಿಕ್ಷಕಿ. ಲೈಮನ್‌ನ ಬದುಕಿನ ಮೇಲೆ 1998ರಲ್ಲಿ ಬಂದ ಸಿನಿಮಾ ಬೆನ್ನು ಹತ್ತಿದ್ದೂ ಈ ಮೂವರ ಜಗಳವನ್ನೇ. ಹಾಡು ಕಟ್ಟಿದವರ ಜಗಳ ಅದಕ್ಕಿಂತ ದೊಡ್ಡದು ಎಂದು ನಾನು ನಂಬುತ್ತೇನೆ.

ಸ್ಯಾಂಟಿಯಾಗೊ ಮತ್ತು ಮರ್ಚೆಂಟ್ ದಾವೆ ಹೂಡಿದ್ದು 1987ರಲ್ಲಿ. ಲೆವಿಯ ಬೆದರಿಕೆಗೆ ಅಂಜಿ ಸುಮ್ಮನಿದ್ದೆವು ಎಂಬುದು ಅವರ ವಾದ. 1992ರಲ್ಲಿ ನ್ಯೂಯಾರ್ಕಿನ ಫೆಡರಲ್ ಜ್ಯೂರಿ ಇಬ್ಬರೂ ಹಾಡಿನ ಸಹಕರ್ತೃಗಳು ಎಂದು ತೀರ್ಮಾನಿಸಿತು. ಮರುವರ್ಷ ತಂಡಕ್ಕೆ ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್‌ನ ಗೌರವವೂ ಬಂತು. 1996ರಲ್ಲಿ ಮೇಲ್ಮನವಿ ನ್ಯಾಯಾಲಯ ಎಲ್ಲವನ್ನೂ ತಿರುಗಿಸಿತು: ಹಕ್ಕು ಕೇಳಲು ಕಾನೂನು ಕೊಟ್ಟ ಗಡುವು ಮೂರು ವರ್ಷ, ಅದು ಎಂದೋ ದಾಟಿಹೋಗಿದೆ. ಹಾಡು ಅವರು ಕಟ್ಟಿದ್ದಲ್ಲ ಎಂದು ಆ ನ್ಯಾಯಾಲಯ ಹೇಳಲಿಲ್ಲ. ತಡವಾಗಿ ಬಂದಿರಿ ಎಂದಿತು, ಅಷ್ಟೇ.

ಅವರಿಬ್ಬರು ಹಾಡುವುದನ್ನೇನೂ ಬಿಟ್ಟಿರಲಿಲ್ಲ. 1980ರ ದಶಕದಲ್ಲಿ ಟೀನೇಜರ್ಸ್ ಮತ್ತೆ ವೇದಿಕೆ ಹತ್ತಿದಾಗ ಲೈಮನ್‌ನ ಭಾಗವನ್ನು ಹಾಡಿದ್ದು ಪರ್ಲ್ ಮೆಕಿನ್ನನ್. 50ರ ದಶಕದಲ್ಲಿ ಕೊಡಾಕ್ಸ್ ಎಂಬ ತಂಡದಲ್ಲಿ ಅವನದೇ ಶೈಲಿಯಲ್ಲಿ ಹಾಡಿ ಹೆಸರಾದವಳು. ಅವನ ಶ್ರುತಿ ಮುಟ್ಟಬಲ್ಲ ಗಂಡು ಕೊರಳು ಸಿಗುವುದು ಕಷ್ಟ. ಅವಳಿಗೆ ಅದು ಚಿಕ್ಕಂದಿನಿಂದ ಬಂದದ್ದೇ ಆಗಿತ್ತು.