ಥಾಯ್ಲೆಂಡ್‌ಗೆ ಪ್ರವಾಸಿಗರು ವಾಪಸ್ ಬಂದರು, ಆದರೆ ಹಳೇ ಗಿರಾಕಿಗಳಲ್ಲ!

ಕೊರೊನಾ ಹೋಗಿ ವ್ಯಾಪಾರ ಮತ್ತೆ ಶುರುವಾದರೂ ಕೆಲವು ಅಂಗಡಿಗಳಿಗೆ ಯಾಕೆ ಹಳೇ ಕಳೆ ಬರಲಿಲ್ಲ? ಥಾಯ್ಲೆಂಡ್ ಕಥೆ ನೋಡಿದರೆ ಗೊತ್ತಾಗುತ್ತೆ.

2019ರಲ್ಲಿ ಅಲ್ಲಿಗೆ ಬಂದ ವಿದೇಶಿಗರು ಹತ್ತಿರ ಹತ್ತಿರ 4 ಕೋಟಿ. 2021ರಲ್ಲಿ ಇಡೀ ವರ್ಷಕ್ಕೆ 5 ಲಕ್ಷವೂ ಇಲ್ಲ. ಹೋಟೆಲ್, ಟ್ಯಾಕ್ಸಿ, ಮಸಾಜ್ ಅಂಗಡಿ, ಬೀದಿಬದಿ ತಿಂಡಿ ಗಾಡಿ, ಎಲ್ಲದಕ್ಕೂ ಹೊಡೆತ ಬಿತ್ತು.

ಸರ್ಕಾರ ಮೊದಲು ತೆರೆದಿದ್ದು ಫುಕೆಟ್ ದ್ವೀಪವನ್ನ. ಸ್ಥಳೀಯರಲ್ಲಿ ಹೆಚ್ಚಿನವರಿಗೆ ಲಸಿಕೆ ಹಾಕಿಸಿ, 2021ರ ಜುಲೈ 1ರಿಂದ ಲಸಿಕೆ ಪಡೆದ ಪ್ರವಾಸಿಗರನ್ನು ಕ್ವಾರಂಟೈನ್ ಇಲ್ಲದೆ ಬಿಟ್ಟುಕೊಂಡಿತು. ದೇಶದ ಬೇರೆ ಕಡೆ ಹೋಗಬೇಕಾದರೆ ಮಾತ್ರ ಮೊದಲು 14 ದಿನ ದ್ವೀಪದಲ್ಲೇ ಇರಬೇಕಿತ್ತು.

2024ಕ್ಕೆ ಪ್ರವಾಸಿಗರ ಸಂಖ್ಯೆ 3.5 ಕೋಟಿ ದಾಟಿತು. ಆದರೆ ಬರುವವರು ಬದಲಾಗಿದ್ದರು.

2019ರಲ್ಲಿ ಚೀನಾದವರೇ 1.1 ಕೋಟಿಯಷ್ಟಿದ್ದರು. ಚೀನಾ ತನ್ನ ಗಡಿ ತೆರೆದಿದ್ದೇ 2023ರ ಜನವರಿಯಲ್ಲಿ. 2024ರಲ್ಲೂ ಅವರ ಸಂಖ್ಯೆ 67 ಲಕ್ಷದ ಆಸುಪಾಸಿನಲ್ಲೇ ನಿಂತಿತು.

ಭಾರತದವರ ಲೆಕ್ಕ ಬೇರೆ. 2023ರ ನವೆಂಬರ್‌ನಿಂದ ಥಾಯ್ಲೆಂಡ್ ಭಾರತೀಯರಿಗೆ ವೀಸಾ ಇಲ್ಲದೆ ಪ್ರವೇಶ ಕೊಟ್ಟಿತು. ಬೆಂಗಳೂರಿನಿಂದ ನೇರ ವಿಮಾನವೂ ಇದೆ. 2024ರಲ್ಲಿ 21 ಲಕ್ಷದಷ್ಟು ಭಾರತೀಯರು ಹೋದರು, ಕೊರೊನಾಗೆ ಮುಂಚಿಗಿಂತ ಜಾಸ್ತಿ. ಇಲ್ಲಿಯವರ ಮದುವೆಗಳೂ ಅಲ್ಲಿನ ಹೋಟೆಲ್‌ಗಳಲ್ಲಿ ನಡೆಯುತ್ತಿವೆ.

ಅಂದರೆ ದೇಶದ ಒಟ್ಟು ಲೆಕ್ಕ ಸುಧಾರಿಸಿದರೂ, ಚೀನಾದ ಟೂರ್ ಬಸ್‌ಗಳನ್ನೇ ನಂಬಿದ್ದ ಅಂಗಡಿಯ ಲೆಕ್ಕ ಸುಧಾರಿಸಲ್ಲ. ಬಸ್‌ಸ್ಟ್ಯಾಂಡ್ ಪಕ್ಕ ಅಂಗಡಿ ಇಟ್ಟವರಿಗೆ ಇದು ಹೇಳಿಕೊಡಬೇಕಿಲ್ಲ: ಬಸ್ ನಿಲ್ಲುವ ಜಾಗ ಬದಲಾದರೆ, ಊರಲ್ಲಿ ಜನ ಅಷ್ಟೇ ಇದ್ದರೂ ಗಲ್ಲಾ ಖಾಲಿ.