ಉದ್ರಿ ಪುಸ್ತಕಕ್ಕೊಂದು ಸಹಿ

ಬಾಕಿ ಹಣ ವಸೂಲಿಗೆ ಕೋರ್ಟಿಗೆ ಹೋಗಲು ಹನ್ನೆರಡು ವರ್ಷ ಇದೆ ಎಂದು ನಂಬಿದವರು ನಮ್ಮ ಕಾರವಾರ, ಅಂಕೋಲೆಗಳಲ್ಲಿ ಇವತ್ತಿಗೂ ಸಿಗುತ್ತಾರೆ. ಜಮೀನಿನ ಸ್ವಾಧೀನಕ್ಕೋ ಡಿಕ್ರಿಯ ಜಾರಿಗೋ ಇರುವ ವಾಯಿದೆಯನ್ನು ಎಲ್ಲೋ ಕೇಳಿ, ಅಂಗಡಿಯ ಉದ್ರಿಗೂ ಅದೇ ಎಂದುಕೊಂಡಿರುತ್ತಾರೆ. ಮಾರಿದ ಸಾಮಾನಿನ ಹಣ, ಮಾಡಿದ ಕೆಲಸದ ಹಣ, ಕೊಟ್ಟ ಕೈಗಡ ಇವಕ್ಕೆಲ್ಲ 1963ರ ಕಾಲಮಿತಿ ಕಾಯ್ದೆ ಕೊಟ್ಟಿರುವುದು ಮೂರೇ ವರ್ಷ. ಇದು ಹೊಸ ನಿಯಮವೂ ಅಲ್ಲ. 1880ರ ದಶಕದ ಆರಂಭದಲ್ಲಿ ರವೀಂದ್ರನಾಥ ಠಾಗೋರರ ಅಣ್ಣ ಸತ್ಯೇಂದ್ರನಾಥರು ಕಾರವಾರದಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದಾಗ ಜಾರಿಯಲ್ಲಿದ್ದ 1877ರ ಕಾಯ್ದೆಯಲ್ಲೂ ಕೈಗಡಕ್ಕೆ ಮೂರು ವರ್ಷವೇ ಇತ್ತು.

ಕಾರವಾರದಲ್ಲಿ ವಕೀಲಿ ಮಾಡುವ ನನ್ನ ಬಳಿ ಅವರ್ಸಾ ಕಡೆಯ ಚಿರೆಕಲ್ಲು ವ್ಯಾಪಾರಿಯೊಬ್ಬರು ಬಂದಿದ್ದರು. ಯಾವ ದಿನ ಎಷ್ಟು ಲೋಡು, ಯಾವ ಲಾರಿ, ಎಲ್ಲವನ್ನೂ ಪಟ್ಟಿಯಲ್ಲಿ ಅಚ್ಚುಕಟ್ಟಾಗಿ ಬರೆದಿಟ್ಟಿದ್ದರು. ಕಲ್ಲು ತೆಗೆದುಕೊಂಡು ಮನೆ ಕಟ್ಟಿಸಿದವನು ಹೆಂಡತಿಯ ಕಡೆಯ ನೆಂಟ. ಒಂದು ವರ್ಷ ಚೌತಿಗೆ ಕೊಡುತ್ತೇನೆ ಎಂದ, ಮತ್ತೊಂದು ವರ್ಷ ಬಂಡಿಹಬ್ಬ ಕಳೆಯಲಿ ಎಂದ. ಕೊನೆಯ ಲೋಡು ಹೋಗಿ ನಾಲ್ಕು ವರ್ಷ ದಾಟಿತ್ತು.

‘ಅವ ಒಂದು ದಿನವೂ ಇಲ್ಲ ಹೇಳ್ಲಿಲ್ಲ ವಕೀಲ್ರೇ, ಕೊಡ್ತೆ ಹೇಳೇ ಹೇಳ್ದ.’

‘ಬರೆದುಕೊಟ್ಟಿದ್ದಾನಾ?’

‘ನೆಂಟ್ರ ಹತ್ರ ಬರೆಸ್ಕೊಳ್ಳೂದು ಹೇಂಗೆ?’

ಇಂಥ ಮಾತು ಕೇಳಿದಾಗಲೆಲ್ಲ ಸಂಕಟವಾಗುತ್ತದೆ. ಬಾಯಿಮಾತಿನ ಭರವಸೆ ಎಷ್ಟು ಸಲ ಸಿಕ್ಕಿದರೂ ವಾಯಿದೆ ಒಂದು ದಿನವೂ ಮುಂದೆ ಹೋಗುವುದಿಲ್ಲ. ವಕೀಲರ ನೋಟೀಸು ಕಳಿಸಿದರೂ ಅಷ್ಟೇ. ಎದುರಿನವನು ತಕರಾರು ಎತ್ತದೆ ಸುಮ್ಮನಿದ್ದರೂ, ವಾಯಿದೆ ಮೀರಿದ ದಾವೆಯನ್ನು ನ್ಯಾಯಾಧೀಶರೇ ವಜಾ ಮಾಡಬೇಕೆಂದು ಕಾಯ್ದೆಯ 3ನೇ ಕಲಮು ಹೇಳುತ್ತದೆ. ಅಪೀಲು ತಡವಾದರೆ ಕಾರಣ ಹೇಳಿ ಕ್ಷಮೆ ಕೇಳಬಹುದು, ದಾವೆಗೆ ಆ ಅವಕಾಶವೂ ಇಲ್ಲ.

ಹಾಗಾದರೆ ಎಣಿಕೆ ಎಂದಿನಿಂದ? ಕೊಡುವ ದಿನ ಗೊತ್ತುಮಾಡದೆ ಸಾಮಾನು ಕೊಟ್ಟಿದ್ದರೆ, ಸಾಮಾನು ತಲುಪಿದ ದಿನದಿಂದ. ‘ಮೂರು ತಿಂಗಳ ಉದ್ರಿ’ ಎಂದು ಮಾತಾಗಿದ್ದರೆ ಆ ಮೂರು ತಿಂಗಳು ಮುಗಿದ ಮೇಲೆ. ಗೌಂಡಿಗೆ ಕೊಡಬೇಕಾದ ಹಣಕ್ಕೆ, ಬೇರೆ ಕರಾರಿಲ್ಲದಿದ್ದರೆ, ಕೆಲಸ ಮುಗಿದ ದಿನದಿಂದ. ಕೊನೆಯ ದಿನ ಕೋರ್ಟಿಗೆ ರಜೆಯಿದ್ದರೆ, ಮತ್ತೆ ತೆರೆದ ದಿನವೇ ದಾವೆ ಹಾಕಬೇಕು.

ವಾಯಿದೆ ಉಳಿಸಿಕೊಳ್ಳುವ ದಾರಿ ಬಹಳ ಸುಲಭ. ಮೂರು ವರ್ಷ ತುಂಬುವ ಮೊದಲೇ ‘ಚಿರೆಕಲ್ಲಿನ ಬಾಬ್ತು 84,000 ರೂಪಾಯಿ ಬಾಕಿ ಉಂಟು’ ಎಂದು ಬರೆದು, ಸಾಲಗಾರನ ಸಹಿ, ತಾರೀಕು ಹಾಕಿಸಿಕೊಂಡರೆ ಸಾಕು. ಆ ಸಹಿಯ ದಿನದಿಂದ ಹೊಸದಾಗಿ ಮೂರು ವರ್ಷ ಸಿಗುತ್ತದೆ. 2022ರ ಡಿಸೆಂಬರ್ 12ಕ್ಕೆ ಕೊಟ್ಟ ಕಲ್ಲಿಗೆ 2025ರ ಡಿಸೆಂಬರ್ 12ರೊಳಗೆ ದಾವೆ ಹಾಕಬೇಕಿತ್ತು. ನಡುವೆ 2024ರ ಆಗಸ್ಟ್ 1ಕ್ಕೆ ಸಹಿ ಬಿದ್ದಿದ್ದರೆ 2027ರ ಆಗಸ್ಟ್ 1ರ ತನಕ ಸಮಯ. ಇನ್ನೊಂದು ವಿಷಯ ಅನೇಕರಿಗೆ ತಿಳಿದಿಲ್ಲ: ‘ಬಾಕಿ ಇರುವುದು ಹೌದು, ಈಗ ಕೊಡುವುದಿಲ್ಲ’ ಎಂದು ಬರೆದು ಸಹಿ ಹಾಕಿದರೂ ಅದು ಒಪ್ಪಿಗೆಯೇ. ಇ-ಮೇಲ್ ಮೂಲಕ ಬಂದ ಒಪ್ಪಿಗೆಯನ್ನೂ ಕರ್ನಾಟಕ ಹೈಕೋರ್ಟ್ 2013ರಲ್ಲಿ ಮಾನ್ಯ ಮಾಡಿದೆ. ಸಾಲಗಾರ ಅಷ್ಟಿಷ್ಟು ಹಣ ಕೊಟ್ಟರೂ ವಾಯಿದೆ ಹೊಸದಾಗುತ್ತದೆ, ಆದರೆ ಕೊಟ್ಟದ್ದಕ್ಕೆ ಅವನ ಕೈಬರಹವೋ ಸಹಿಯೋ ಬೇಕು. ನಿಮ್ಮ ಪಟ್ಟಿಯಲ್ಲಿ ನೀವೇ ‘5,000 ಜಮಾ’ ಎಂದು ಬರೆದುಕೊಂಡರೆ ಪ್ರಯೋಜನವಿಲ್ಲ.

ಮೂರು ವರ್ಷ ಮುಗಿದುಹೋದ ಮೇಲೆ ‘ಬಾಕಿ ಉಂಟು’ ಎಂಬ ಬರಹ ಸಾಲದು. ಆಗ ‘ಕೊಡುತ್ತೇನೆ’ ಎಂದೇ ಬರೆದು ಸಹಿ ಹಾಕಬೇಕು. ಅಂಥ ಮಾತನ್ನು 1872ರ ಕರಾರು ಕಾಯ್ದೆಯ 25ನೇ ಕಲಮು ಹೊಸ ಕರಾರಾಗಿ ಒಪ್ಪುತ್ತದೆ. ವಾಯಿದೆ ಮೀರಿದರೂ ಸಾಲ ಸಾಲವೇ, ಕೋರ್ಟಿನ ಮೂಲಕ ವಸೂಲು ಮಾಡುವ ಹಕ್ಕು ಮಾತ್ರ ಹೋಗುತ್ತದೆ. ಅವರ್ಸಾದ ಆ ವ್ಯಾಪಾರಿಗೂ ನಾನು ಹೇಳಿದ್ದು ಇದನ್ನೇ: ನೆಂಟನ ಮನೆಗೆ ಹೋಗಿ, ಜಗಳವಾಡದೆ, ಇಂಥ ಒಂದು ಬರಹ ಕೇಳಿ. ಅವರು ಹೋದರು. ಬರಹ ಸಿಗಲಿಲ್ಲ.

ಸಹಿ ಕೇಳಿದರೆ ಸಂಬಂಧ ಕೆಡುತ್ತದೆ ಎನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ. ಸಂಬಂಧ ಚೆನ್ನಾಗಿರುವಾಗಲೇ ಸಹಿ ಸಿಗುವುದು, ಮನಸ್ಸು ಮುರಿದ ಮೇಲೆ ಪೆನ್ನು ಹಿಡಿಯುವವರು ಯಾರೂ ಇಲ್ಲ. ಐಸು, ಡೀಸೆಲ್, ಬಲೆ ಉದ್ರಿ ಕೊಡುವ ಬೈತಖೋಲದ ವ್ಯಾಪಾರಿಗಳಿಗೆ, ಅಂಕೋಲೆಯ ಅಂಗಡಿಯವರಿಗೆ, ಗೌಂಡಿಗಳಿಗೆ ನನ್ನ ವಿನಂತಿ ಇಷ್ಟೇ: ಇವತ್ತೇ ಪಟ್ಟಿ ತೆರೆದು, ಎರಡು ವರ್ಷ ದಾಟಿದ ಬಾಕಿಗಳನ್ನು ಗುರುತು ಮಾಡಿ, ಈ ತಿಂಗಳೊಳಗೆ ಸಹಿ ಹಾಕಿಸಿಕೊಳ್ಳಿ. ಸಹಿ ಸಿಗದಿದ್ದರೆ ವಾಯಿದೆ ಇರುವಾಗಲೇ ವಕೀಲರನ್ನು ಕಾಣಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತವಾಗಿ ವಕೀಲರ ನೆರವು ಸಿಗುತ್ತದೆ.