ಸೇನೆ ಹಿಂತಿರುಗಿದ ಮೇಲೆ ಉಳಿದವರು

ಪಾಠದ ನಡುವೆ ಹುಡುಗನೊಬ್ಬನು ಎದ್ದು ನಿಂತು ಕೇಳಿದನು: “ಸಾರ್, ಸೈನ್ಯ ಹೊರಟುಹೋದರೆ ಯುದ್ಧ ಮುಗಿದ ಹಾಗೆ. ಜನ ಏಕೆ ವಿಮಾನದ ಹಿಂದೆ ಓಡಬೇಕು?” ಕಾಬೂಲಿನ ವಿಮಾನ ನಿಲ್ದಾಣದ ಚಿತ್ರವನ್ನು ಅವನು ಎಲ್ಲಿಯೋ ನೋಡಿದ್ದನು. ಅಷ್ಟರಲ್ಲಿ ಗಂಟೆ ಹೊಡೆಯಿತು. ಉತ್ತರ ಅರ್ಧಕ್ಕೆ ನಿಂತಿತು. ಉಳಿದರ್ಧವನ್ನು ಇಲ್ಲಿ ಹೇಳುತ್ತೇನೆ.

ಪರದೇಶದ ಸೇನೆಯೊಂದು ಬಹುಕಾಲ ಒಂದು ನಾಡಿನಲ್ಲಿ ಬೀಡುಬಿಟ್ಟರೆ, ಅದರ ನೆರಳಿನಲ್ಲಿ ಸಾವಿರಾರು ಜನ ಬದುಕು ಕಟ್ಟಿಕೊಳ್ಳುತ್ತಾರೆ. ಅಡಿಗೆಯವರು, ಇಂಜಿನಿಯರುಗಳು, ಉಪಾಧ್ಯಾಯರು, ಲೆಕ್ಕ ಬರೆಯುವವರು, ಹೀಗೆ ನಾನಾ ದೇಶದವರು. ವಿಮಾನ ಹಾರುವುದು, ಬ್ಯಾಂಕು ತೆರೆಯುವುದು, ರಾಯಭಾರ ಕಚೇರಿಯ ಬಾಗಿಲಲ್ಲಿ ಕಾವಲು ನಿಲ್ಲುವುದು ಎಲ್ಲವೂ ಆ ಸೇನೆಯನ್ನೇ ನಂಬಿರುತ್ತವೆ. ಅದು ಕಾಲ್ತೆಗೆದ ದಿನ ಒಂದು ಕಂಬ ಬಿದ್ದುದಲ್ಲ, ಚಪ್ಪರವೇ ಬಿದ್ದಂತಾಗುತ್ತದೆ.

ಅಮೆರಿಕ ಮತ್ತು ಅದರ ಮಿತ್ರರಾಷ್ಟ್ರಗಳು ಆಫ್ಘಾನಿಸ್ಥಾನದಲ್ಲಿ ಇಪ್ಪತ್ತು ವರ್ಷ ಇದ್ದವು. 2021ರ ಆಗಸ್ಟ್ 15ರಂದು ಕಾಬೂಲು ತಾಲಿಬಾನರ ವಶವಾಯಿತು. ಆಗಸ್ಟ್ 30ರ ನಡುರಾತ್ರಿಗೆ ಮುಂಚೆ ಕೊನೆಯ ಅಮೆರಿಕನ್ ವಿಮಾನ ನೆಲ ಬಿಟ್ಟಿತು. ಈ ಎರಡು ವಾರಗಳಲ್ಲಿ ಸುಮಾರು 1,24,000 ಜನರನ್ನು ಹೊರಕ್ಕೆ ಸಾಗಿಸಿದರು. ಆದರೂ ಹೊರಡಲು ಬಯಸಿದ ಅಮೆರಿಕನ್ ಪ್ರಜೆಗಳೇ ನೂರಕ್ಕೂ ಇನ್ನೂರಕ್ಕೂ ನಡುವೆ ಉಳಿದುಹೋದರೆಂದು ಅವರ ವಿದೇಶಾಂಗ ಸಚಿವರೇ ಒಪ್ಪಿಕೊಂಡರು.

ನಮ್ಮವರ ವಿಷಯವೇನು? ಕಂದಹಾರದ ಕಚೇರಿಯ ಸಿಬ್ಬಂದಿಯನ್ನು ಜುಲೈಯಲ್ಲಿಯೇ ಕರೆಸಿಕೊಂಡಾಗಿತ್ತು. ಆಗಸ್ಟ್ 10ರಂದು ಮಜಾರ್-ಇ-ಷರೀಫಿನಿಂದಲೂ ವಿಶೇಷ ವಿಮಾನ ಹೊರಟಿತು. ಸಾಮಾನ್ಯ ವಿಮಾನಗಳು ನಿಲ್ಲುವ ಮುಂಚೆ ಊರಿಗೆ ಹಿಂತಿರುಗಿರೆಂದು ಭಾರತೀಯರಿಗೆ ಎಚ್ಚರಿಕೆಯನ್ನೂ ಕೊಟ್ಟಿದ್ದರು. ಹಾಗಾದರೆ ಜನ ಏಕೆ ಹೊರಡಲಿಲ್ಲ? ದೂರದಲ್ಲಿ ಕುಳಿತು ಹೀಗೆ ಕೇಳುವುದು ಸುಲಭ. ಪರದೇಶದ ಕೂಲಿಗೆ ಹೋದವನಿಗೆ ಮೂರು ತಿಂಗಳ ಸಂಬಳ ಬಾಕಿ ಇದ್ದೀತು. ಊರಿನಲ್ಲಿ ಮಾಡಿದ ಸಾಲ ತೀರದೆ ಇದ್ದೀತು. ರಹದಾರಿ ಪತ್ರ ಮಾಲೀಕನ ಪೆಟ್ಟಿಗೆಯಲ್ಲಿದ್ದೀತು. ಅಂಥವನಿಗೆ ಎಚ್ಚರಿಕೆ ಕೇಳಿಸದೆ ಇಲ್ಲ, ಹೊರಡಲು ಕಾಲು ಬರುವುದಿಲ್ಲ.

‘ರಹದಾರಿ’ ಎಂಬ ಮಾತು ಬಂತು. ಅದರೊಳಗಿನ ‘ದಾರಿ’ ನಮ್ಮ ಕನ್ನಡದ ದಾರಿಯೆಂದು ಎಷ್ಟೋ ಜನ ತಿಳಿದಿದ್ದಾರೆ. ಹಾಗಲ್ಲ, ಅದು ಪಾರಸಿ ಮಾತು, ‘ರಾಹ’ ಎಂದರೆ ಮಾರ್ಗ. ಕಾಬೂಲಿನ ಜನ ಇಂದಿಗೂ ಆಡುವುದು ಆ ಪಾರಸಿಯ ಒಂದು ರೂಪವನ್ನೇ.

ಆಗಸ್ಟ್ 17ರಂದು ನಮ್ಮ ರಾಯಭಾರಿಯೂ ಸಿಬ್ಬಂದಿಯೂ ವಾಯುಸೇನೆಯ ವಿಮಾನದಲ್ಲಿ ಹಿಂತಿರುಗಿದರು. ಆಗ ಕಾಬೂಲಿನ ಭಾರತೀಯನಿಗೆ ಹೋಗಿ ತಟ್ಟಲು ಬಾಗಿಲಿರಲಿಲ್ಲ. ದೆಹಲಿಯ ವಿದೇಶಾಂಗ ಖಾತೆಯಲ್ಲಿ ಆಫ್ಘಾನಿಸ್ಥಾನಕ್ಕೆಂದೇ ಒಂದು ವಿಭಾಗ ತೆರೆದು, ಹಗಲೂ ರಾತ್ರಿಯೂ ದೂರವಾಣಿಗೆ ಉತ್ತರ ಕೊಟ್ಟರು. ಕೆಲಸದ ತಿರುಳು ಇಲ್ಲಿದೆ. ಯಾರು, ಎಲ್ಲಿದ್ದಾರೆ, ಜೊತೆಯಲ್ಲಿ ಎಷ್ಟು ಮಂದಿ, ಕೈಯಲ್ಲಿ ಯಾವ ಕಾಗದವಿದೆ ಎಂಬುದು ತಿಳಿಯದೆ ವಿಮಾನ ಕಳುಹಿಸಿ ಫಲವಿಲ್ಲ. ಹೆಸರು ಬರೆಸದೆ ಇದ್ದವನು ಸರ್ಕಾರದ ಕಣ್ಣಿಗೆ ಕಾಣುವುದಿಲ್ಲ. ಇನ್ನು ಹೆಸರು ಇದ್ದವನೂ ಮನೆಯಿಂದ ನಿಲ್ದಾಣದ ಬಾಗಿಲ ತನಕ ಬರಬೇಕಲ್ಲ! ಆಗಸ್ಟ್ 21ರಂದು ನಿಲ್ದಾಣದ ಬಳಿ ಸುಮಾರು 150 ಮಂದಿಯನ್ನು, ಅವರಲ್ಲಿ ಬಹುಪಾಲು ಭಾರತೀಯರು, ತಾಲಿಬಾನರು ತಡೆದು ಕರೆದೊಯ್ದು, ವಿಚಾರಿಸಿ ಬಿಟ್ಟರು. ಮರುದಿನ ವಾಯುಸೇನೆಯ ವಿಮಾನದಲ್ಲಿ ದೆಹಲಿಯ ಬಳಿಯ ಹಿಂಡನ್ನಿಗೆ ಬಂದ 168 ಜನರಲ್ಲಿ 107 ಮಂದಿ ನಮ್ಮವರು. ಬೇರೆ ಕೆಲವರು ತಾಜಿಕಿಸ್ಥಾನದ ದುಶಾಂಬೆಯ ಮಾರ್ಗವಾಗಿ, ಇನ್ನು ಕೆಲವರು ಅನ್ಯರಾಷ್ಟ್ರಗಳ ವಿಮಾನದಲ್ಲಿ ದೋಹಾ ಸೇರಿ ಅಲ್ಲಿಂದ ಬಂದರು. ನೆರೆನಾಡಿನ ಮೂಲಕ ಬಳಸಿ ಬರುವುದು ಹೊಸದಲ್ಲ. 1990ರಲ್ಲಿ ಕುವೈತಿನ ಭಾರತೀಯರು ಮರಳುಗಾಡು ದಾಟಿ ಜೋರ್ಡಾನಿನ ಅಮ್ಮಾನ್ ತಲಪಿಯೇ ವಿಮಾನ ಹತ್ತಿದರು.

ವಿಮಾನಗಳ ಕಥೆ ಪತ್ರಿಕೆಗಳಲ್ಲಿ ಬಂತು. ಅದರ ನಂತರದ್ದು ಅಷ್ಟಾಗಿ ಬರಲಿಲ್ಲ. ಕಾವಲಿನ ಸೇನೆಯೂ ಹೋದ ಮೇಲೆ ಉಳಿದವನಿಗೆ ದಾರಿ ಯಾವುದು? ಊರನ್ನು ಆಳುವವರೊಡನೆ ಮಾತನಾಡಬೇಕು. ಆದರೆ ಅವರನ್ನು ಸರ್ಕಾರವೆಂದು ಒಪ್ಪಿಲ್ಲ! ಒಪ್ಪದವರೊಡನೆ ಮಾತೇಕೆ ಎಂದು ಮೂಗು ಮುರಿಯುವವರು ಆಗಲೂ ಇದ್ದರು. ತನ್ನ ಮಗ ಅಲ್ಲಿ ಸಿಕ್ಕಿಕೊಂಡಿರುವ ತಾಯಿ ಹಾಗೆನ್ನುವಳೆ? ಆಗಸ್ಟ್ 30ರಂದು, ಭಾರತವೇ ಅಧ್ಯಕ್ಷಸ್ಥಾನದಲ್ಲಿದ್ದ ವಿಶ್ವಸಂಸ್ಥೆಯ ಭದ್ರತಾ ಸಮಿತಿ, ಹೊರಡಲು ಬಯಸುವವರನ್ನು ಸುರಕ್ಷಿತವಾಗಿ ಬಿಡುವ ಮಾತನ್ನು ತಾಲಿಬಾನರು ಉಳಿಸಿಕೊಳ್ಳಬೇಕೆಂದು ನಿರ್ಣಯ ಮಾಡಿತು. ಮರುದಿನವೇ ದೋಹಾದಲ್ಲಿ ನಮ್ಮ ರಾಯಭಾರಿ ತಾಲಿಬಾನರ ಪ್ರತಿನಿಧಿಯೊಡನೆ ಕುಳಿತು, ಸಿಕ್ಕಿಕೊಂಡ ಭಾರತೀಯರ ಕ್ಷೇಮವನ್ನೂ ಮರಳಿಕೆಯನ್ನೂ ಕುರಿತು ಮಾತನಾಡಿದರು. ನನ್ನ ಮಟ್ಟಿಗೆ ಅದು ಸರಿಯಾದ ಕೆಲಸ.

ಇನ್ನೊಂದು ಉಪಾಯ 1961ರ ವಿಯೆನ್ನಾ ಒಪ್ಪಂದದಲ್ಲಿದೆ. ರಾಯಭಾರ ಕಚೇರಿ ಮುಚ್ಚಿದ ದೇಶ ತನ್ನ ಪ್ರಜೆಗಳ ಹಿತವನ್ನು ಮೂರನೆಯ ರಾಷ್ಟ್ರವೊಂದಕ್ಕೆ, ಆ ನಾಡಿನವರು ಒಪ್ಪುವುದಾದರೆ, ವಹಿಸಬಹುದು. ಮನೆ ಬಿಟ್ಟು ಹೋಗುವಾಗ ನೆರೆಯವರ ಕೈಗೆ ಬೀಗದ ಕೈ ಕೊಟ್ಟಂತೆ. ಅಮೆರಿಕ ಹೀಗೆ ಕತಾರನ್ನು ನೇಮಿಸಿತು; ಆ ಏರ್ಪಾಟು 2021ರ ಡಿಸೆಂಬರ್ 31ರಿಂದ ಜಾರಿಗೆ ಬಂತು. ಅದಕ್ಕೆ ಮುಂಚೆಯೇ, ಸೆಪ್ಟೆಂಬರ್ 9ರಂದು, ಕತಾರಿನ ವಿಮಾನವೊಂದು ನೂರಕ್ಕೂ ಹೆಚ್ಚು ವಿದೇಶೀಯರನ್ನು ಕಾಬೂಲಿನಿಂದ ಹೊತ್ತು ಹಾರಿತ್ತು.

ನಮ್ಮವರದು ಇನ್ನೂ ಮುಗಿದಿರಲಿಲ್ಲ. ಡಿಸೆಂಬರ್ 10ರಂದು, ಚಿತ್ರಗಳೆಲ್ಲ ಮರೆತುಹೋದ ಕಾಲಕ್ಕೆ, ಕಾಬೂಲಿನಿಂದ ವಿಮಾನವೊಂದು ದೆಹಲಿಯಲ್ಲಿ ಇಳಿಯಿತು. ಅದರಲ್ಲಿ 94 ಮಂದಿ ಆಫ್ಘನರಿದ್ದರು. ಅವರಲ್ಲಿ ಅಲ್ಲಿಯ ಹಿಂದೂ ಸಿಖ್ಖರ ಕುಟುಂಬಗಳೂ ಇದ್ದವು. ಭಾರತೀಯರು ಹತ್ತೇ ಮಂದಿ.